ಕಾಶಿಕಣಗಿಲೆಯ ಹೆಸರಿನ ಕಥೆ

ಒಮ್ಮೆ ವಿದ್ಯಾರ್ಥಿಗಳೊಡನೆ ಸಾವನದುರ್ಗವನ್ನು ಹತ್ತಿ ಇಳಿದಾಗ, ತಪ್ಪಲಿನ ಮನೆಯೊಂದರ ಅಂಗಳದಲ್ಲಿ ಕಾಶಿಕಣಗಿಲೆ ಅರಳಿತ್ತು. ನಿತ್ಯಪುಷ್ಪ, ಸದಾಪುಷ್ಪ ಎಂದೂ ಕರೆಯುವ ಈ ಗಿಡ ನಿಮ್ಮ ಶಾಲೆಯ ಕೈತೋಟದಲ್ಲೂ ಇರಬಹುದು. 'ಇದು ವಿಂಕಾ ರೋಸಿಯ' ಎಂದ ಒಬ್ಬ ವಿದ್ಯಾರ್ಥಿ. 'ಅಲ್ಲ, ಕ್ಯಾತರಾಂತಸ್ ರೋಸಿಯಸ್' ಎಂದಳು ಇನ್ನೊಬ್ಬಳು. ಭೌತವಿಜ್ಞಾನ ಕಲಿಸುವ ನಾನು ಉತ್ತರಕ್ಕಾಗಿ ಗ್ರಂಥಾಲಯಕ್ಕೆ ಹೋಗಬೇಕಾಯಿತು.

ಈ ಗಿಡದ ತವರು ಮಡಗಾಸ್ಕರ್. ಇದಕ್ಕೆ 1759ರಲ್ಲಿ ವಿಂಕಾ ರೋಸಿಯ ಎಂದು ಹೆಸರಿಟ್ಟವನು ಸ್ವೀಡನ್ನಿನ ಕಾರ್ಲ್ ಲಿನೇಯಸ್. ವಿಂಕಾ ಯೂರೋಪಿನ ಒಂದು ಸಸ್ಯಜಾತಿ. ಲಿನೇಯಸ್‌ನ ವರ್ಗೀಕರಣದಲ್ಲಿ ಕೇಸರಗಳ ಎಣಿಕೆಯೇ ಮುಖ್ಯ. ಎರಡರಲ್ಲೂ ಕೇಸರಗಳು ಐದು. ಆದರೆ ಯೂರೋಪಿನ ವಿಂಕಾ ನೆಲದ ಮೇಲೆ ಹಬ್ಬುತ್ತದೆ; ನಮ್ಮದು ನೆಟ್ಟಗೆ ಬೆಳೆಯುತ್ತದೆ. ಕೇಸರಗಳ ಸಂಖ್ಯೆ ಒಂದೇ ಆದರೂ ರಚನೆ ಬೇರೆ. ಹೀಗಾಗಿ ಜಾರ್ಜ್ ಡಾನ್ 1837ರಲ್ಲಿ ಇದನ್ನು ಕ್ಯಾತರಾಂತಸ್ ಎಂಬ ಹೊಸ ಜಾತಿಗೆ ಸೇರಿಸಿದ. ಗ್ರೀಕ್ ಭಾಷೆಯಲ್ಲಿ ಇದರ ಅರ್ಥ 'ಶುದ್ಧ ಹೂವು'. ಪ್ರಭೇದದ ಹೆಸರು ಉಳಿದರೂ ಲ್ಯಾಟಿನ್ ವ್ಯಾಕರಣದ ಲಿಂಗಕ್ಕೆ ತಕ್ಕಂತೆ 'ರೋಸಿಯ' ಎಂಬುದು 'ರೋಸಿಯಸ್' ಆಯಿತು. ಆದರೂ ಹಳೆಯ ಹೆಸರು ಬಳಕೆಯಿಂದ ಹೋಗಲಿಲ್ಲ. ಕ್ಯಾತರಾಂತಸ್ ರೋಸಿಯಸ್ ಎಂಬುದೇ ಸರಿಯಾದ ಹೆಸರೆಂದು ವಿಲಿಯಂ ಸ್ಟರ್ನ್ 1966ರಲ್ಲಿ ಮತ್ತೆ ವಿವರಿಸಬೇಕಾಯಿತು.

ಹೆಸರಿನಲ್ಲೇನಿದೆ ಎನ್ನುವಿರಾ? 1958ರಲ್ಲಿ ಕೆನಡಾದ ರಾಬರ್ಟ್ ನೋಬಲ್ ಮತ್ತು ಚಾರ್ಲ್ಸ್ ಬಿಯರ್ ಈ ಗಿಡದ ಎಲೆಗಳಿಂದ ವಿನ್‌ಬ್ಲಾಸ್ಟಿನ್ ಎಂಬ ಕ್ಯಾನ್ಸರ್ ಔಷಧವನ್ನು ಪ್ರತ್ಯೇಕಿಸಿದರು. ಮಕ್ಕಳ ರಕ್ತ ಕ್ಯಾನ್ಸರಿಗೆ ಬಳಸುವ ವಿನ್‌ಕ್ರಿಸ್ಟಿನ್ ಸಹ ಇದರದ್ದೇ. ಈ ಹೆಸರುಗಳ ಮೊದಲಲ್ಲಿರುವ 'ವಿನ್' ಬಂದದ್ದು ವಿಂಕಾದಿಂದ. ಆದರೆ ಹೆಸರನ್ನು ನಂಬಿ ಯೂರೋಪಿನ ವಿಂಕಾದಲ್ಲಿ ಹುಡುಕಿದರೆ ಈ ಔಷಧಗಳು ಸಿಗುವುದಿಲ್ಲ!

ನಮ್ಮ ವಿಷಯದಲ್ಲೂ ಇಂಥದ್ದಿದೆ. ತಂತಿಯಲ್ಲಿ ಎಲೆಕ್ಟ್ರಾನುಗಳು ಋಣದಿಂದ ಧನದತ್ತ ಹರಿಯುತ್ತವೆಂದು ತಿಳಿದ ಮೇಲೂ ವಿದ್ಯುತ್ಪ್ರವಾಹದ ದಿಕ್ಕನ್ನು ಹಳೆಯ ರೂಢಿಯಂತೆ ಧನದಿಂದ ಋಣದತ್ತಲೇ ಗುರುತಿಸುತ್ತೇವೆ. ಸಸ್ಯವಿಜ್ಞಾನದಲ್ಲಿ ಹಾಗಲ್ಲ. ಅಲ್ಲಿ ಹೆಸರಿನ ಮೊದಲ ಪದ ಗಿಡದ ನಂಟಸ್ತಿಕೆಯನ್ನು ಹೇಳುತ್ತದೆ. ತಿಳಿವಳಿಕೆ ಬದಲಾದರೆ ಹೆಸರೂ ಬದಲಾಗಬೇಕು.

ಕನ್ನಡದ ಹೆಸರೂ ಒಂದು ನಂಟನ್ನು ಸೂಚಿಸುತ್ತದೆ. ಕಣಗಿಲೆ, ಕಾಶಿಕಣಗಿಲೆಗಳೆರಡೂ ಅಪೋಸೈನೇಸಿ ಕುಟುಂಬಕ್ಕೆ ಸೇರಿವೆ. ಎರಡರ ಮೊಗ್ಗುಗಳನ್ನು ಅಕ್ಕಪಕ್ಕ ಇಟ್ಟು ವಿದ್ಯಾರ್ಥಿಗಳಿಗೆ ತೋರಿಸಿ. ಮಡಚಿದ ಕೊಡೆಯಂತೆ ಎಸಳುಗಳು ಒಂದರ ಮೇಲೊಂದು ಸುತ್ತಿಕೊಂಡಿರುತ್ತವೆ. ಆದರೆ ಎರಡೂ ವಿಷಕಾರಿ. ನೋಡಿದ ಮೇಲೆ ಕೈ ತೊಳೆಯುವುದನ್ನು ಮರೆಯಬೇಡಿ.