ದಫ್ತರದಲ್ಲಿದ್ದ ಹೆಸರುಗಳು



ಅಮೆರಿಕದ ಗುಲಾಮರು ತಪ್ಪಿಸಿಕೊಂಡು ಬಂದು ಆಶ್ರಯ ಪಡೆದ ನಾಡು ಕೆನಡಾ ಎಂದು ನೀವು ಚರಿತ್ರೆಯಲ್ಲಿ ಓದಿರಬಹುದು. ಈ ಮಾತು ನಿಜ. ಆದರೆ ಅರ್ಧ ನಿಜ. ಉಳಿದರ್ಧವನ್ನು ದೇಶದ ಮುಂದಿಟ್ಟವರಲ್ಲಿ ಅಲ್ಲಿನ ಕಪ್ಪು ಜನರ ಲೇಖಕರು ಮುಖ್ಯರು.

1783ರಲ್ಲಿ ಅಮೆರಿಕದ ಸ್ವಾತಂತ್ರ್ಯ ಸಮರ ಮುಗಿದಾಗ, ಸೋತ ಬ್ರಿಟಿಷರ ಪಕ್ಷ ಸೇರಿದ್ದ ಸುಮಾರು 3,000 ಕಪ್ಪು ಜನರು ನ್ಯೂಯಾರ್ಕಿನಲ್ಲಿ ಹಡಗು ಹತ್ತಿದರು. ಹೆಚ್ಚಿನವರು ಹೊರಟದ್ದು ಇಂದಿನ ಕೆನಡಾದ ನೋವಾ ಸ್ಕೋಷಿಯಾಕ್ಕೆ. ಅಧಿಕಾರಿಗಳು ಅವರ ಹೆಸರು, ವಯಸ್ಸು, ಚಹರೆಗಳನ್ನು ಒಂದು ದಫ್ತರದಲ್ಲಿ ಬರೆದುಕೊಂಡರು. ಭೂಮಿಯ ಭರವಸೆ ನಂಬಿ ಬಂದವರಲ್ಲಿ ಅನೇಕರಿಗೆ ಸಿಕ್ಕಿದ್ದು ಬರಡು ನೆಲ. ಎಷ್ಟೋ ಮಂದಿಗೆ ಅದೂ ಇಲ್ಲ. ಬೇಸತ್ತ ಸುಮಾರು 1,200 ಮಂದಿ 1792ರಲ್ಲಿ ಆಫ್ರಿಕದ ಸಿಯೆರಾ ಲಿಯೋನಿಗೆ ಹೊರಟುಹೋದರು. ಆಗ ಕೆನಡಾದಲ್ಲಿಯೂ ಗುಲಾಮಗಿರಿ ಇತ್ತು.

1971ರಲ್ಲಿ ಕೆನಡಾ ಸರ್ಕಾರ ಬಹುಸಂಸ್ಕೃತಿಯನ್ನು ತನ್ನ ನೀತಿಯೆಂದು ಘೋಷಿಸಿತು. 1988ರಲ್ಲಿ ಅದು ಕಾಯಿದೆಯಾಯಿತು. ಆದರೆ ಈ ಘೋಷಣೆಗೆ ಮುಂಚಿನ ವರ್ಷಗಳಲ್ಲೇ ಹ್ಯಾಲಿಫ್ಯಾಕ್ಸ್ ನಗರಾಡಳಿತವು ಆಫ್ರಿಕ್‌ವಿಲ್ ಎಂಬ ಕಪ್ಪು ಜನರ ಹಳೆಯ ಊರನ್ನು ನೆಲಸಮ ಮಾಡಿತ್ತು. ಅದಕ್ಕಾಗಿ ಕ್ಷಮೆ ಕೇಳಿದ್ದು 2010ರಲ್ಲಿ.

ಕಾಯಿದೆ ಎಲ್ಲರಿಗೂ ಸಮಾನ ಸ್ಥಾನ ಕೊಡಬಹುದು. ಆದರೆ ಯಾರು ಮನೆಯವರು, ಯಾರು ನೆಂಟರು ಎಂಬುದನ್ನು ತೀರ್ಮಾನಿಸುವುದು ಜನ ನಂಬಿರುವ ಕಥೆ. ಲೇಖಕರು ಬದಲಿಸಿದ್ದು ಈ ಕಥೆಯನ್ನು. 1955ರಲ್ಲಿ ಬಾರ್ಬಡೋಸಿನಿಂದ ಬಂದ ಆಸ್ಟಿನ್ ಕ್ಲಾರ್ಕ್, ಟೊರಾಂಟೋದ ಶ್ರೀಮಂತರ ಮನೆಗಳಲ್ಲಿ ದುಡಿಯುವ ಕೆರಿಬಿಯನ್ ಹೆಂಗಸರನ್ನು ಕಾದಂಬರಿಗೆ ತಂದರು. ನೋವಾ ಸ್ಕೋಷಿಯಾದಲ್ಲೇ ಹುಟ್ಟಿದ ಕವಿ ಜಾರ್ಜ್ ಎಲಿಯಟ್ ಕ್ಲಾರ್ಕ್ ತಮ್ಮ ಜನರ ನಾಡಿಗೆ ‘ಆಫ್ರಿಕೇಡಿಯಾ’ ಎಂದು ಹೆಸರಿಟ್ಟರು. ನಾವು ಇಲ್ಲಿಗೆ ಹೊಸಬರಲ್ಲ ಎಂಬುದು ಅದರ ಅರ್ಥ. ಲಾರೆನ್ಸ್ ಹಿಲ್ 1783ರ ಆ ದಫ್ತರದ ಹೆಸರನ್ನೇ ಇಟ್ಟು 2007ರಲ್ಲಿ ‘ದಿ ಬುಕ್ ಆಫ್ ನೀಗ್ರೋಸ್’ ಕಾದಂಬರಿ ಪ್ರಕಟಿಸಿದರು. ಅದರಲ್ಲಿ ಹೆಸರುಗಳನ್ನು ಬರೆಯುವವಳು ಅಮಿನಾಟಾ ಎಂಬ ಕಪ್ಪು ಹೆಣ್ಣುಮಗಳು. ಲೇಖನಿ ಕೈ ಬದಲಿಸಿತು ನೋಡಿ! 2015ರಲ್ಲಿ ಈ ಕಥೆ ದೂರದರ್ಶನ ಧಾರಾವಾಹಿಯಾಗಿ ಕೆನಡಾದ ಮನೆಮನೆಗೆ ತಲುಪಿತು.

ನಾನು ವಿಜ್ಞಾನ ಓದಿದವನು. ಬಯಸಿದ ಉತ್ತರಕ್ಕೆ ಹೊಂದದ ಅಳತೆಯನ್ನು ರೆಕಾರ್ಡ್ ಪುಸ್ತಕದಿಂದ ಅಳಿಸಬಾರದು ಎಂಬುದು ಪ್ರಯೋಗಾಲಯದಲ್ಲಿ ಕಲಿತ ಮೊದಲ ಪಾಠ. ರಾಷ್ಟ್ರಗಳಿಗೂ ಅದೇ ನಿಯಮ. ಇನ್ನು ಮುಂದೆ ಯಾವ ದೇಶದ ಚರಿತ್ರೆ ಓದುವಾಗಲೂ ಒಂದು ಪ್ರಶ್ನೆ ಹಾಕಿಕೊಳ್ಳಿ: ಇಲ್ಲಿ ಯಾರ ಹೆಸರು ಬಿಟ್ಟುಹೋಗಿದೆ?