ಹಕ್ಕು ಇತ್ಯರ್ಥ, ಕಡತ ಬಾಕಿ

ಪಿಂಚಣಿ ಸರ್ಕಾರದ ಕೃಪೆಯೋ ನೌಕರನ ಹಕ್ಕೋ ಎಂಬ ಪ್ರಶ್ನೆಗೆ ಸುಪ್ರೀಂ ಕೋರ್ಟ್ 1971ರಲ್ಲೇ ಉತ್ತರ ಕೊಟ್ಟಾಗಿದೆ. ಆದರೂ ನಿವೃತ್ತರು ಕೋರ್ಟಿನ ಮೆಟ್ಟಿಲು ಹತ್ತುವುದು ನಿಂತಿಲ್ಲ. ಆಗ ಜಗಳ ಹಕ್ಕಿನದು, ಈಗ ಬಹುಪಾಲು ಕಾಗದದ್ದು.

ಬ್ರಿಟಿಷರ 1871ರ ಪಿಂಚಣಿ ಕಾಯ್ದೆ ಇಂಥ ತಕರಾರುಗಳನ್ನು ಸಿವಿಲ್ ನ್ಯಾಯಾಲಯಗಳ ಕೈಗೆ ಸಿಗದಂತೆ ಇಟ್ಟಿತ್ತು. ಕೊಟ್ಟಷ್ಟು ತೆಗೆದುಕೊಳ್ಳಬೇಕು, ಯಾಕೆ ಕಡಿಮೆ ಎಂದು ಕೇಳಬಾರದು ಎಂಬ ಧೋರಣೆ ಅದು. ಬಿಹಾರದಲ್ಲಿ ಶಾಲೆಗಳ ಉಪ ಇನ್‌ಸ್ಪೆಕ್ಟರ್ ಆಗಿದ್ದ ದೇವಕಿನಂದನ ಪ್ರಸಾದ್ ಐದು ವರ್ಷ ಗೈರುಹಾಜರಾಗಿದ್ದಾರೆಂದು ಸರ್ಕಾರ ಅವರ ಪಿಂಚಣಿಯನ್ನೇ ನಿರಾಕರಿಸಿದಾಗ ಅವರು ನೇರ ಸುಪ್ರೀಂ ಕೋರ್ಟಿಗೆ ಹೋದರು. ಪಿಂಚಣಿ ಆಸ್ತಿ, ಆಡಳಿತದ ಆದೇಶವೊಂದರಿಂದ ಕಸಿಯಲಾಗದು ಎಂಬ ತೀರ್ಪು ಬಂತು. ಮುಂದೆ 44ನೇ ತಿದ್ದುಪಡಿ ಆಸ್ತಿಯ ಹಕ್ಕನ್ನು ಮೂಲಭೂತ ಹಕ್ಕುಗಳಿಂದ ತೆಗೆದರೂ 300ಎ ವಿಧಿಯ ಆಸರೆ ಉಳಿಯಿತು.

ನಿವೃತ್ತರ ಸಂಘಗಳಿಗೆ ಹೆಚ್ಚು ಪ್ರಿಯವಾದದ್ದು ನಕಾರಾ ಪ್ರಕರಣ. 31-3-1979ಕ್ಕಿಂತ ಮೊದಲು ನಿವೃತ್ತರಾದವರಿಗೆ ಸುಧಾರಿತ ಪಿಂಚಣಿ ಸೂತ್ರ ಅನ್ವಯಿಸುವುದಿಲ್ಲ ಎಂದು ಕೇಂದ್ರ ಗೆರೆ ಎಳೆದಿತ್ತು. ಸಂವಿಧಾನ ಪೀಠ ಅದನ್ನು 1982ರ ಡಿಸೆಂಬರ್ 17ರಂದು ಅಳಿಸಿಹಾಕಿತು. ಆ ದಿನ ಇಂದಿಗೂ ಪಿಂಚಣಿದಾರರ ದಿನ.

ಸರಿಯಾಗಿ ಎರಡು ವರ್ಷಕ್ಕೆ, ಅದೇ ಡಿಸೆಂಬರ್ 17ರಂದು ಬಂದ ಇನ್ನೊಂದು ತೀರ್ಪಿಗೆ ಅಷ್ಟು ಹೆಸರಿಲ್ಲ. ನನ್ನ ಮಟ್ಟಿಗೆ ದಿನನಿತ್ಯದ ಬದುಕಿಗೆ ಹತ್ತಿರದ್ದು ಅದೇ. ಕೇರಳದ ಪದ್ಮನಾಭನ್ ನಾಯರ್ 1973ರ ಮೇ ತಿಂಗಳಲ್ಲಿ ನಿವೃತ್ತರಾದರು. ಪಿಂಚಣಿ, ಗ್ರಾಚ್ಯುಟಿ ಕೈಸೇರಿದ್ದು 1975ರ ಆಗಸ್ಟ್‌ನಲ್ಲಿ. ಅವರ ಹಕ್ಕನ್ನು ಯಾರೂ ಅಲ್ಲಗಳೆದಿರಲಿಲ್ಲ. ಖಜಾನೆಯಿಂದ ಕೊನೆಯ ವೇತನ ಪ್ರಮಾಣಪತ್ರ, ಅಂದರೆ ಎಲ್‌ಪಿಸಿ, ಬಂದಿರಲಿಲ್ಲ, ಅಷ್ಟೆ. ಅದನ್ನು ತರಿಸಿಕೊಳ್ಳುವುದು ನಿವೃತ್ತನದೇ ಹೊಣೆ ಎಂದು ಸರ್ಕಾರ ವಾದಿಸಿತು. ಎಲ್‌ಪಿಸಿಯಾಗಲಿ ಬೇಬಾಕಿ ಪತ್ರವಾಗಲಿ ಸರ್ಕಾರದ ದಾಖಲೆಗಳಿಂದಲೇ ಹುಟ್ಟಬೇಕಾದವು, ನಿವೃತ್ತನನ್ನು ಅಲೆಸುವುದು ಸಲ್ಲದು ಎಂದು ಕೋರ್ಟ್ ಹೇಳಿ, ಶೇ 6ರ ಬಡ್ಡಿಯನ್ನು ಎತ್ತಿಹಿಡಿಯಿತು. ನಿವೃತ್ತಿಯ ಎರಡು ತಿಂಗಳ ನಂತರ ಮಾರುಕಟ್ಟೆ ದರದ ಬಡ್ಡಿಯ ಹೊಣೆ ಶುರುವಾಗಬೇಕು ಎಂದೂ ಹೇಳಿತು. ನಿಯಮದಲ್ಲಿ ಇಲ್ಲದಿದ್ದರೂ ಸಂವಿಧಾನದ ಆಧಾರದಲ್ಲೇ ಬಡ್ಡಿ ಕೇಳಬಹುದು ಎಂಬುದು 2008ರ ಎಸ್.ಕೆ. ದುವಾ ಪ್ರಕರಣದಲ್ಲಿ ಸ್ಪಷ್ಟವಾಯಿತು. ಆದರೆ ಕಡತದ ಮೇಲೆ ಕೂತ ಅಧಿಕಾರಿಯ ಜೇಬಿಗೆ ಕೈ ಹೋಗುವುದು ಅಪರೂಪ. ಬಡ್ಡಿ ಕಟ್ಟುವುದು ಬೊಕ್ಕಸ.

ವಿಚಾರಣೆ ಬಾಕಿಯಿದೆ ಎಂದು ಹಣ ತಡೆಹಿಡಿಯುವುದು ಇನ್ನೊಂದು ಬಗೆ. ತಡೆಯಲು ನಿಯಮದ ಬಲ ಬೇಕು, ಬರೀ ಸುತ್ತೋಲೆ ಸಾಲದು ಎಂದು 2013ರಲ್ಲಿ ಜಾರ್ಖಂಡ್‌ನ ಜಿತೇಂದ್ರ ಕುಮಾರ್ ಶ್ರೀವಾಸ್ತವ ಪ್ರಕರಣ ಹೇಳಿತು. ನಮ್ಮ ಕರ್ನಾಟಕ ನಾಗರಿಕ ಸೇವಾ ನಿಯಮಾವಳಿಯ 214ನೇ ನಿಯಮ ಆ ಬಲ ಕೊಡುತ್ತದೆ, ಜತೆಗೆ ಕಟ್ಟನ್ನೂ ಹಾಕುತ್ತದೆ: ನಿವೃತ್ತಿಯ ನಂತರ ಹೊಸದಾಗಿ ಇಲಾಖಾ ವಿಚಾರಣೆ ಹೂಡುವುದಾದರೆ ನಾಲ್ಕು ವರ್ಷಕ್ಕಿಂತ ಹಳೆಯ ಘಟನೆಯನ್ನು ಕೆದಕುವಂತಿಲ್ಲ. ಕರ್ನಾಟಕ ಆಡಳಿತ ನ್ಯಾಯಮಂಡಳಿಯಲ್ಲಿ (ಕೆಎಟಿ) ವಾದ ದಿನಾಂಕಗಳ ಸುತ್ತ ತಿರುಗುವುದು ಇದರಿಂದಲೇ.

ಕರ್ನಾಟಕದಿಂದಲೇ ಹೋದ ಒಂದು ಪ್ರಕರಣ ದೇಶದ ಗಮನ ಸೆಳೆಯಿತು. ವರ್ಷ ಪೂರ್ತಿ ದುಡಿದು, ವಾರ್ಷಿಕ ವೇತನ ಬಡ್ತಿ ಕೈಗೆ ಬರುವ ಹಿಂದಿನ ದಿನ ನಿವೃತ್ತರಾದವರಿಗೂ ಆ ಬಡ್ತಿ ಸಲ್ಲಬೇಕು ಎಂದು 2023ರ ಏಪ್ರಿಲ್‌ನಲ್ಲಿ ವಿದ್ಯುತ್ ಪ್ರಸರಣ ನಿಗಮ ಕೆಪಿಟಿಸಿಎಲ್ ವಿರುದ್ಧ ಸಿ.ಪಿ. ಮುಂಡಿನಮನಿ ಅವರ ಪ್ರಕರಣದಲ್ಲಿ ತೀರ್ಪಾಯಿತು. ಒಂದು ದಿನದ ಅಂತರ ಪಿಂಚಣಿಯ ಲೆಕ್ಕವನ್ನು ಬದುಕಿಡೀ ತಗ್ಗಿಸುತ್ತಿತ್ತು.

ಈಗಿನ ದೊಡ್ಡ ರಗಳೆ ವಸೂಲಾತಿ. ಎಂದೋ ಆದ ವೇತನ ನಿಗದಿಯ ತಪ್ಪು ನಿವೃತ್ತಿಯ ಹೊತ್ತಿಗೆ ಲೆಕ್ಕಪರಿಶೋಧನೆಯಲ್ಲಿ ಸಿಕ್ಕಿಬೀಳುತ್ತದೆ, ಗ್ರಾಚ್ಯುಟಿಗೆ ಕತ್ತರಿ ಬೀಳುತ್ತದೆ. ಸಿ ಮತ್ತು ಡಿ ವರ್ಗದವರಿಂದ, ನಿವೃತ್ತರಿಂದ, ವರ್ಷದೊಳಗೆ ನಿವೃತ್ತರಾಗುವವರಿಂದ ವಸೂಲಿ ಬೇಡ ಎಂದು 2014ರ ರಫೀಕ್ ಮಸೀಹ್ ತೀರ್ಪು ಹೇಳಿತು. 2022ರಲ್ಲಿ ಕೇರಳದ ಶಿಕ್ಷಕ ಥಾಮಸ್ ಡೇನಿಯಲ್ ಅವರಿಗೂ ಇಂಥದ್ದೇ ರಕ್ಷಣೆ ಸಿಕ್ಕಿತು. ನಡುವೆ, 2016ರ ಜಗದೇವ್ ಸಿಂಗ್ ಪ್ರಕರಣದಲ್ಲಿ ಮಾತ್ರ ಗಾಳಿ ಬೇರೆ ಕಡೆ ಬೀಸಿತು. ಪರಿಷ್ಕೃತ ವೇತನ ಒಪ್ಪುವಾಗ, ಹೆಚ್ಚು ಪಡೆದಿದ್ದರೆ ಮರಳಿಸುವೆ ಎಂದು ಬರೆದುಕೊಟ್ಟಿದ್ದ ನ್ಯಾಯಾಂಗ ಅಧಿಕಾರಿಯಿಂದ ವಸೂಲಿಗೆ ಅಡ್ಡಿಯಿಲ್ಲ ಎಂದಿತು ಕೋರ್ಟ್. ಅಲ್ಲಿಂದೀಚೆಗೆ ವಸೂಲಾತಿ ನೋಟಿಸ್ ಬಂದವರು ಮೊದಲು ತೆರೆದು ನೋಡಬೇಕಾದ್ದು ತೀರ್ಪಿನ ಪ್ರತಿಯನ್ನಲ್ಲ, ತಮ್ಮದೇ ಸೇವಾ ಪುಸ್ತಕದಲ್ಲಿ ಲಗತ್ತಾಗಿರಬಹುದಾದ ಆ ಮುಚ್ಚಳಿಕೆಯನ್ನು.