ಹೊಲಗೇರಿಯಿಂದ ಕೊಳಗೇರಿಗೆ

ಪಟ್ಟಣಕ್ಕೆ ಹೋದರೆ ಜಾತಿ ಕೇಳೋರಿಲ್ಲ ಅಂತ ನಂಬಿ ನಮ್ಮ ಜನ ಗಂಟುಮೂಟೆ ಕಟ್ಟಿ ಬೆಂಗಳೂರಿಗೆ ಬಂದರು. ಬೆಂಗಳೂರಿನ ಚರಿತ್ರೆ ಬೇರೆಯೇ ಮಾತು ಹೇಳುತ್ತದೆ.

1898ರಲ್ಲಿ ಪ್ಲೇಗ್ ಬಂತು. ಇಕ್ಕಟ್ಟಾದ ಪೇಟೆ ಬಿಟ್ಟು ಉಳ್ಳವರು ಬಸವನಗುಡಿ, ಮಲ್ಲೇಶ್ವರದ ಅಗಲ ಬೀದಿಗಳಿಗೆ ಹೋದರು. ಆ ಹೊಸ ಬಡಾವಣೆಗಳಲ್ಲೂ ನಿವೇಶನ ಹಂಚಿದ್ದು ಜಾತಿವಾರು. ಹಳ್ಳಿಯ ಗೆರೆಯನ್ನೇ ಸರ್ಕಾರದ ನಕ್ಷೆ ಮತ್ತೆ ಎಳೆಯಿತು. ನಗರ ಬೆಳೆದಂತೆ ಬೀದಿ ಗುಡಿಸುವವರು, ಕಲ್ಲು ಹೊರುವವರು ರಾಜಕಾಲುವೆಯ ದಂಡೆ, ಕೆರೆಯಂಗಳ, ರೈಲುಹಳಿಯ ಅಂಚು ಹಿಡಿದರು.

1973ರ ಕೊಳಚೆ ಪ್ರದೇಶಗಳ ಕಾಯ್ದೆ ಬಂತು. ಅದರ ಹೆಸರಲ್ಲೇ 'ಅಭಿವೃದ್ಧಿ'ಯ ಪಕ್ಕ 'ನಿರ್ಮೂಲನೆ' ಕೂತಿದೆ. ನಿರ್ಮೂಲನೆ ಯಾವುದರದ್ದು? ಕೊಳಚೆಯದೋ, ಕೇರಿಯದೋ?

2013ರ ಜನವರಿಯಲ್ಲಿ ಈಜಿಪುರ ಉತ್ತರ ಹೇಳಿತು. ಬಡವರಿಗೆಂದು ಪಾಲಿಕೆಯೇ ಕಟ್ಟಿಸಿದ್ದ ಮನೆಗಳು ಕುಸಿದು, ಜನ ತಗಡಿನ ಶೆಡ್ಡುಗಳಲ್ಲಿದ್ದರು. ಪೊಲೀಸ್ ಕಾವಲಿನಲ್ಲಿ ಬುಲ್ಡೋಜರ್ ಅವನ್ನೂ ನೆಲಸಮ ಮಾಡಿತು. ಆ ನೆಲದ ಒಂದು ಪಾಲು ಖಾಸಗಿ ಕಂಪನಿಯ ವ್ಯಾಪಾರಕ್ಕೆ ಅಂತ ಒಪ್ಪಂದವಾಗಿತ್ತು. ಮಕ್ಕಳನ್ನು ಕಟ್ಟಿಕೊಂಡು ಹೆಂಗಸರು ಫುಟ್‌ಪಾತಿನ ಮೇಲೆ ಮಲಗಿದರು.

ಹಳ್ಳಿಯಲ್ಲಿ ಕೇರಿಯನ್ನು ಊರಾಚೆ ಇಟ್ಟರು, ಆದರೆ ಒಂದೇ ಕಡೆ ಇಟ್ಟರು. ನಗರದಲ್ಲಿ ಹಾಗಲ್ಲ. ಕೇರಿ ಕೂತ ನೆಲಕ್ಕೆ ಬೆಲೆ ಬಂದಾಗಲೆಲ್ಲ ಕೇರಿಯನ್ನು ಎಬ್ಬಿಸುತ್ತಾರೆ.

ಗೆಳೆಯರೇ, ಮೇಷ್ಟ್ರುಗಳೇ, ಹತ್ತಿರದ ಕೊಳಗೇರಿಗೆ ಹೋಗಿ. ಇಲ್ಲಿಗೆ ಬರೋ ಮುಂಚೆ ಎಲ್ಲಿದ್ರಿ, ಯಾರು ಎಬ್ಬಿಸಿದ್ರು ಅಂತ ಹಿರಿಯರನ್ನು ಕೇಳಿ, ಬರೆದಿಡಿ. ನಾಳೆ ಹಕ್ಕುಪತ್ರ ಕೇಳುವಾಗ ಆ ಬರಹ ಬೇಕಾಗುತ್ತದೆ.